ಹಾರ್ನ್ ಒತ್ತಿ ನೋಡುವವನು

ಪುಟ್ಟ ಕಾರಿನ ಸ್ಟೇರಿಂಗ್ ಕೆಳಗೆ ತಲೆ ತೂರಿಸಿ, ಕಾಲು ಹೊರಗೆ ಚಾಚಿ ಮಲಗಿದ್ದಾನೆಂದರೆ ಅವನು ಬೀದಿ ಕೊನೆಯ ಕಾರ್ ಎಲೆಕ್ಟ್ರಿಷಿಯನ್ನೇ. ಗಿರಾಕಿಗಳಿಗೆ ಅವನ ಮುಖಕ್ಕಿಂತ ಚಪ್ಪಲಿಯ ಪರಿಚಯವೇ ಹೆಚ್ಚು. "ಕಾರು ಚಿಕ್ಕದು ಮಾಡಿದ ಪುಣ್ಯಾತ್ಮರು ನನ್ನ ಕೈನೂ ಚಿಕ್ಕದು ಮಾಡ್ಬೇಕಿತ್ತು" ಎಂದು ಒಳಗಿನಿಂದಲೇ ಗೊಣಗುತ್ತಾ, ಕರೆಂಟು ಹರಿಸಿ ನಿಲ್ಲಿಸುವ, ಬೆಂಕಿಪೊಟ್ಟಣಕ್ಕಿಂತ ಚಿಕ್ಕ ರಿಲೇಯನ್ನು ಬೆರಳಲ್ಲೇ ತಡಕಿ ಹಿಡಿದು, "ಕೀ ತಿರುಗ್ಸಿ" ಎನ್ನುತ್ತಾನೆ. ಅದು ಟಿಕ್ ಎಂದರೂ ನಂಬುವುದಿಲ್ಲ. "ಸದ್ದು ಮಾಡೋದೆಲ್ಲ ಕೆಲಸ ಮಾಡುತ್ತಾ? ಭಾಷಣ ಮಾಡೋರನ್ನ ನೋಡಿ" ಎಂದು ಟೆಸ್ಟ್ ಲ್ಯಾಂಪ್ ಹಚ್ಚಿಯೇ ನೋಡುತ್ತಾನೆ. ಎಂಜಿನ್ನಿಗೆ ಪೆಟ್ರೋಲ್ ಕಳಿಸುವ ಪಂಪಿನ ರಿಲೇ ಸತ್ತಿದ್ದರೆ ಅವಸರದ ಗಿರಾಕಿಯೊಬ್ಬ ಬುದ್ಧಿ ಹೇಳುತ್ತಾನೆ: "ಹಾರ್ನಿನ ರಿಲೇನೂ ಇದೇ ಥರ ಇದೆಯಲ್ಲಪ್ಪಾ, ಅದನ್ನೇ ಕಿತ್ತು ಇಲ್ಲಿಗೆ ಹಾಕು. ಇವತ್ತಿಗೆ ಗಾಡಿ ಓಡಿದ್ರೆ ಸಾಕು." ಅಷ್ಟಕ್ಕೇ ಅವನ ಪಿತ್ತ ನೆತ್ತಿಗೇರುತ್ತದೆ. "ನಡ್ಕೊಂಡು ಹೋಗಿ. ಕಾಲಿಗೇನು ರಿಲೇ ಬೇಕಾ?" ಹೊಸದು ತರಿಸಿ ಹಾಕಿದ ಮೇಲೂ ಮೂರು ಸಲ ಹಾರ್ನ್ ಒತ್ತದೆ ಯಾವ ಕಾರನ್ನೂ ಬಿಟ್ಟುಕೊಡುವುದಿಲ್ಲ. ಅಕ್ಕಪಕ್ಕದ ಅಂಗಡಿಯವರು ಅವನಿಗೆ ಪೋಂಪೋಂ ಎಂದೇ ಹೆಸರಿಟ್ಟಿದ್ದಾರೆ. ಹಿಂದೊಮ್ಮೆ ಹೆಂಡತಿಯ ತಮ್ಮ ಹೀಗೇ ಅವಸರದಲ್ಲಿ ಬಂದಿದ್ದ. ಆಗ ಇವನೇ ಹಾರ್ನಿನ ರಿಲೇ ಕಿತ್ತು ಪಂಪಿಗೆ ಹಾಕಿ, "ನಾಳೆ ಬಾ, ಹೊಸದು ಹಾಕ್ತೀನಿ" ಎಂದು ಕಳಿಸಿದ್ದ. ಅವತ್ತೇ ಇಕ್ಕಟ್ಟಿನ ತಿರುವಿನಲ್ಲಿ ಲಾರಿಯೊಂದು ಹಿಂದಕ್ಕೆ ಬಂದು ಅವನ ಕಾರಿನ ಮೇಲೇರಿತು. ಜನ ಕಾರಿನ ಬಾಗಿಲು ಒಡೆದಾಗಲೂ ಭಾಮೈದನ ಅಂಗೈ ಹಾರ್ನಿನ ಮೇಲೆ ಒತ್ತಿಕೊಂಡೇ ಇತ್ತಂತೆ. ಈಗ ಎಲೆಕ್ಟ್ರಿಷಿಯನ್ ಮನೆ ಹತ್ತಿರ ಬಂದ ಕೂಡಲೇ ಸ್ಕೂಟರ್ ಇಳಿದು ಸದ್ದಿಲ್ಲದೆ ತಳ್ಳಿಕೊಂಡು ಹೋಗುತ್ತಾನೆ. ಒಂದೇ ಒಂದು ಸಲ, ಬಾಗಿಲು ತೆಗೆಯಲೆಂದು ಹಾರ್ನ್ ಹೊಡೆದಿದ್ದಕ್ಕೆ, ಹೆಂಡತಿ ಒಳಗಿನಿಂದಲೇ ಕೇಳಿದ್ದಳು: "ಈಗ ಕೂಗುತ್ತಾ?"