ಹದಿನೈದನೆಯ ಹುಡುಗಿ

ಜಯನಗರದ ಒಂದು ಅನುದಾನಿತ ಖಾಸಗಿ ಕಾಲೇಜಿನಲ್ಲಿ ಹದಿನಾರು ವರ್ಷ ಇತಿಹಾಸ ಪಾಠ ಮಾಡಿದೆ. ಹದಿನಾರು ವರ್ಷವೂ ಅತಿಥಿ ಉಪನ್ಯಾಸಕಿಯಾಗಿಯೇ. ಪ್ರತಿ ಏಪ್ರಿಲ್‌ನಲ್ಲಿ ಕೆಲಸ ಹೋಗುತ್ತಿತ್ತು, ಕಾಲೇಜು ತೆರೆದಾಗ ಮತ್ತೆ ಬರುತ್ತಿತ್ತು. ನಡುವಿನ ದಿನಗಳಲ್ಲಿ ಯಾರಾದರೂ "ಏನ್ ಕೆಲಸ ಮಾಡ್ಕೊಂಡಿದೀರ?" ಅಂತ ಕೇಳಿದರೆ ಮೈಯೆಲ್ಲ ಉರಿಯುತ್ತಿತ್ತು.

ನಾನು ಸೇರಿದಾಗ ಬಿ.ಎ.ಗೆ ಎರಡು ಸೆಕ್ಷನ್ ಇದ್ದವು. ಬೆಂಚು ಸಾಲದೆ ಹುಡುಗರು ಕಿಟಕಿಯ ಕಟ್ಟೆಯ ಮೇಲೆ ಕೂರುತ್ತಿದ್ದರು. ನಮ್ಮ ವಿಭಾಗದ ಮುಖ್ಯಸ್ಥರು ನಿವೃತ್ತರಾದರು. ಅವರ ಜಾಗವನ್ನು ಸರ್ಕಾರ ತುಂಬಲಿಲ್ಲ. ಅವರು ತೆಗೆದುಕೊಳ್ಳುತ್ತಿದ್ದ ಕ್ಲಾಸುಗಳನ್ನು ಗಂಟೆಯ ಲೆಕ್ಕದಲ್ಲಿ ನನಗೆ ಹಂಚಿದರು. ಇನ್ನೊಬ್ಬರು ನಿವೃತ್ತರಾದರು, ಅದೂ ಹಾಗೇ ಆಯಿತು. ಈ ಮಧ್ಯೆ ಬಿ.ಸಿ.ಎ. ಬಂತು, ಬಿ.ಬಿ.ಎ. ಬಂತು, ಹೆಸರು ಹೇಳಲು ನಾಲಿಗೆ ಹೊರಳದಂಥ ಬಿ.ಕಾಂ.ಗಳು ಬಂದವು. ಒಂದೊಂದು ಕೋರ್ಸ್ ಬಂದಾಗಲೂ ಇತಿಹಾಸದ ಒಂದೊಂದು ರೂಮು ಹೋಯಿತು. ಪದವಿ ಮೂರು ವರ್ಷದ್ದು ನಾಲ್ಕಾಯಿತು, ಸರ್ಕಾರ ಬದಲಾದ ಮೇಲೆ ಮತ್ತೆ ಮೂರಕ್ಕಿಳಿಯಿತು. ಸಿಲಬಸ್ ಬಂದ ಹೊಸತರಲ್ಲೇ ಹಳೆಯದಾಗುತ್ತಿತ್ತು. ನಾವು ನೋಟ್ಸ್ ಬರೆದು ಬರೆದು ಹರಿದು ಹಾಕಿದೆವು. ನೆಟ್ ಪರೀಕ್ಷೆ ಪಾಸಾಗದವರು, ಪಿ.ಎಚ್‌ಡಿ. ಇಲ್ಲದವರು ಇನ್ನು ಮುಂದೆ ಪಾಠ ಮಾಡಲು ಅರ್ಹರಲ್ಲ ಎಂಬ ನಿಯಮವೂ ಬಂತು. ನನಗೆ ಎರಡೂ ಇರಲಿಲ್ಲ. ಹಳಬಳೆಂದು ಇಲ್ಲಿ ನಡೆಯುತ್ತಿತ್ತೇ ಹೊರತು, ಈ ಕಾಲೇಜು ಬಿಟ್ಟರೆ ಇನ್ನೊಂದು ಕಾಲೇಜು ನನಗಿರಲಿಲ್ಲ.

ಮೂರು ವರ್ಷದ ಹಿಂದೆ ಕಾಲೇಜು ಶುರುವಾಗುವ ಮುಂಚೆ ಪ್ರಿನ್ಸಿಪಾಲರು ನನ್ನನ್ನು ಕರೆಸಿದರು. ಕೆಟ್ಟ ಮನುಷ್ಯರಲ್ಲ ಅವರು. ಅದೇ ತೊಂದರೆ, ಬೈಯಲೂ ಆಗುತ್ತಿರಲಿಲ್ಲ.

"ಮೇಡಂ, ನಾನೂ ಓದಿದ್ದು ಹಿಸ್ಟರೀನೇ. ಆದ್ರೆ ಮ್ಯಾನೇಜ್‌ಮೆಂಟ್‌ನೋರಿಗೆ ಏನಂತ ಹೇಳ್ಲಿ? ನಿಮ್ಮ ರೂಮಿಗೆ ಕಂಪ್ಯೂಟರ್ ಲ್ಯಾಬ್ ಪ್ಲ್ಯಾನ್ ಆಗೋಗಿದೆ. ಹದಿನೈದು ಅಡ್ಮಿಶನ್ ತೋರ್ಸಿ, ನಾನು ತಡೀತೀನಿ. ಶನಿವಾರ ಐದು ಗಂಟೆಗೆ ಹದಿನೈದು ಒರಿಜಿನಲ್ ನನ್ನ ಟೇಬಲ್ ಮೇಲಿರ್ಬೇಕು."

"ಹದಿನಾಲ್ಕಾದ್ರೆ ಸರ್?"

"ಹದಿನಾಲ್ಕಾದ್ರೆ ಅಷ್ಟೂ ಮಕ್ಕಳಿಗೆ ಬೇರೆ ಕೋರ್ಸ್ ಹೇಳ್ತೀವಿ. ನಿಮ್ಗೆ ವರ್ಕ್‌ಲೋಡ್ ಇರಲ್ಲ, ಕರ್ಯೋಕಾಗಲ್ಲ." ಇದನ್ನು ಹೇಳುವಾಗ ಅವರು ನನ್ನ ಮುಖ ನೋಡಲಿಲ್ಲ.

ಒರಿಜಿನಲ್ ಅಂದರೆ ಮಕ್ಕಳ ಅಸಲು ಅಂಕಪಟ್ಟಿ, ಟಿ.ಸಿ. ನಮ್ಮ ಕಡೆಯ ಕಾಲೇಜುಗಳಲ್ಲಿ ಫಾರಂ ತುಂಬಿಸಿದರೆ ಅಡ್ಮಿಶನ್ ಆದಂತಲ್ಲ, ಒರಿಜಿನಲ್ ನಮ್ಮ ಕೈಗೆ ಬಂದರೆ ಆದಂತೆ. ಅದು ನಮ್ಮ ಬೀರುವಿಗೆ ಸೇರಿದ ಮೇಲೆ ಮಗು ಬೇರೆಲ್ಲಿಗೂ ಹೋಗಲಾರದು. ಹೀಗೆ ಇಟ್ಟುಕೊಳ್ಳಬಾರದು ಅಂತ ಮೇಲಿನಿಂದ ಸುತ್ತೋಲೆಗಳು ಬರುತ್ತಿದ್ದವು. ಅವನ್ನೂ ಫೈಲ್ ಮಾಡಿ ಅದೇ ಬೀರುವಿನಲ್ಲಿ ಇಡುತ್ತಿದ್ದೆವು. ನಮ್ಮದೇನು ಕಡಿಮೆ? ಕೆಲಸಕ್ಕೆ ಸೇರಿದ ದಿನ ನಮ್ಮ ಎಂ.ಎ. ಸರ್ಟಿಫಿಕೇಟುಗಳನ್ನೂ ಇಸಿದುಕೊಂಡು ಅಲ್ಲೇ ಬೀಗ ಹಾಕಿದ್ದರು.

ಆ ಇಡೀ ವಾರ ಪಾಂಪ್ಲೆಟ್ ಹಿಡಿದು ಬೀದಿ ಸುತ್ತಿದೆ. ಪಾಠ ಹೇಳುವವಳು ಪಾತ್ರೆ ಮಾರುವವಳ ಹಾಗೆ ಗೇಟು ಗೇಟು ಬಡಿದೆ ಅನ್ನುವುದರಲ್ಲಿ ಸುಳ್ಳೇನಿಲ್ಲ. ಸಿದ್ದಾಪುರದಲ್ಲಿ ನಾಲ್ವರು ಸಿಕ್ಕರು. ಉತ್ತರಹಳ್ಳಿಯಲ್ಲಿ ಒಂದು ಮನೆಯ ಯಜಮಾನರು, "ಹಿಸ್ಟರಿ ಓದಿ ಏನ್ ಮಾಡೋದು ಮೇಡಂ, ನಮ್ಮದೇ ಹಿಸ್ಟರಿ ಆಗೋಗಿದೆ" ಅಂತ ಕಾಫಿ ಕೊಟ್ಟು ಕಳಿಸಿದರು. ಕಾಫಿ ಚೆನ್ನಾಗಿತ್ತು. ಶುಕ್ರವಾರ ಮಧ್ಯಾಹ್ನದ ಹೊತ್ತಿಗೆ ನನ್ನ ಬ್ಯಾಗಿನಲ್ಲಿ ಹದಿನಾಲ್ಕು ಕವರ್ ಇದ್ದವು.

ಹದಿನೈದನೆಯದು ಜರಗನಹಳ್ಳಿಯಲ್ಲಿ ಸಿಕ್ಕಿತು. ಕನಕಪುರ ರಸ್ತೆಯಿಂದ ಒಳಗೆ, ಆರು ಮನೆಯ ವಠಾರ. ತಾಯಿ ಗಾರ್ಮೆಂಟ್ಸ್‌ಗೆ ಹೋಗುತ್ತಿದ್ದರು. ಆವತ್ತು ಜ್ವರ ಅಂತ ಮನೆಯಲ್ಲಿದ್ದರು. ಮಗಳು ಪಿ.ಯು.ಸಿ.ಯಲ್ಲಿ ಆರ್ಟ್ಸ್ ಓದಿ ಒಳ್ಳೆಯ ಅಂಕ ತೆಗೆದಿದ್ದಳು. ಬಾಗಿಲಲ್ಲೇ ನಿಂತು ನನ್ನ ಪಾಂಪ್ಲೆಟ್ಟನ್ನು ಮೊದಲಿಂದ ಕೊನೆಯವರೆಗೆ ಓದಿದಳು. ಹಾಗೆ ಪೂರ್ತಿ ಓದಿದವಳು ಆ ವಾರದಲ್ಲಿ ಅವಳೊಬ್ಬಳೇ.

"ಮೇಡಂ, ಹಿಸ್ಟರಿ ಟೀಚರ್ ಆಗೋಕೆ ಇದು ಓದಿದ್ರೆ ಸಾಕಾ?"

"ಇದಾದ್ಮೇಲೆ ಬಿ.ಎಡ್. ಮಾಡ್ಬೇಕಮ್ಮ," ಎಂದೆ.

ತಾಯಿ ಗೋಡೆಗೊರಗಿ ಕೂತಿದ್ದವರು ಹೇಳಿದರು, "ಸರ್ಕಾರಿ ಕಾಲೇಜಲ್ಲಿ ಅದೇನೋ ಎರಡೂ ಒಟ್ಟಿಗೆ ನಾಲ್ಕು ವರ್ಷಕ್ಕೆ ಮುಗಿಯುತ್ತಂತೆ ಮಿಸ್. ಅರ್ಜಿ ಹಾಕಿದಾಳೆ. ವೇಟಿಂಗ್ ಲಿಸ್ಟಲ್ಲಿ ಹೆಸರಿದೆ. ಅದು ಬಂದ್ರೆ ಪೇಪರ್ ವಾಪಸ್ ಕೊಡ್ತೀರಲ್ಲ?"

"ಅಯ್ಯೋ, ಒಂದು ಫೋನ್ ಮಾಡಿ ಸಾಕು. ನಾನೇ ತಂದ್ಕೊಡ್ತೀನಿ."

ಇದನ್ನು ಹೇಳುವಾಗ ನನ್ನ ಮನಸ್ಸಿನಲ್ಲಿ ಕಪಟವಿರಲಿಲ್ಲ, ಅಷ್ಟು ಮಾತ್ರ ಆಣೆ ಮಾಡಿ ಹೇಳಬಲ್ಲೆ. ವೇಟಿಂಗ್ ಲಿಸ್ಟಿನಲ್ಲಿ ಇರುವವರಿಗೆಲ್ಲ ಎಲ್ಲಿ ಸೀಟು ಬರುತ್ತದೆ ಅಂದುಕೊಂಡೆ. ಅಷ್ಟರಲ್ಲಿ ನನ್ನ ಫೋನ್ ರಿಂಗಾಯಿತು. ನನ್ನದು ಹಳೇ ಕಾಲದ ಲ್ಯಾಂಡ್‌ಲೈನಿನ ಟ್ರಿಣ್ ಟ್ರಿಣ್ ಸದ್ದು, ಜೋರು. ಹುಡುಗಿ ನಕ್ಕಳು. "ಹಿಸ್ಟರಿ ಮೇಡಂ ಅಲ್ವಾ ಅಮ್ಮ, ರಿಂಗ್‌ಟೋನೂ ಹಳೇದೇ." ತಾಯಿ ಅವಳನ್ನು ಗದರಿಸಿದರು. ನನಗೂ ನಗು ಬಂತು. ನೀಲಿ ಪ್ಲಾಸ್ಟಿಕ್ ಕವರಿನಲ್ಲಿ ಅಂಕಪಟ್ಟಿ, ಟಿ.ಸಿ. ಹಾಕಿ ಎರಡೂ ಕೈಯಿಂದ ಕೊಟ್ಟಳು.

ಮಾರನೆಯ ದಿನ ಶನಿವಾರ. ಕಾಲೇಜಿನ ಗೇಟಿನಿಂದ ಒಳಗೆ ಬಂದ ಕೂಡಲೇ ಶಾಮಿಯಾನ, ಅದರಡಿ ಕೋರ್ಸಿಗೊಂದು ಟೇಬಲ್. ಬಿ.ಸಿ.ಎ. ಟೇಬಲ್ ಮುಂದೆ ಅಪ್ಪ ಅಮ್ಮಂದಿರ ಸಾಲು. ನನ್ನ ಟೇಬಲ್ ಮುಂದೆ ಬಂದವರೆಲ್ಲ ಬಿ.ಸಿ.ಎ. ಟೇಬಲ್ ಎಲ್ಲಿ ಅಂತ ಕೇಳುವವರೇ. ಒರಿಜಿನಲ್ ವಾಪಸ್ ಕೇಳಿಕೊಂಡು ಬರುವವರನ್ನು ಸೋಮವಾರ ಬನ್ನಿ ಅಂತ ಗೇಟಿನಿಂದಲೇ ಕಳಿಸಬೇಕೆಂದು ಸೆಕ್ಯುರಿಟಿಗೆ ಹೇಳಿಟ್ಟಿದ್ದರು. ಅದು ನಮಗೆಲ್ಲ ಗೊತ್ತಿದ್ದ ವಿಷಯ. ನಾನು ಹದಿನೈದು ಕವರನ್ನೂ ಬ್ಯಾಗಿನಲ್ಲಿಟ್ಟು ತೊಡೆಯ ಮೇಲೆ ಇಟ್ಟುಕೊಂಡು ಕೂತಿದ್ದೆ.

ಒಂದೂವರೆ ಗಂಟೆಗೆ ಫೋನ್ ರಿಂಗಾಯಿತು. ನೋಡಿದರೆ ಜರಗನಹಳ್ಳಿಯ ಹುಡುಗಿ. ಎತ್ತಲಿಲ್ಲ. ರಿಂಗಾಗಿ ನಿಂತಿತು. ಕೂಡಲೇ ಇನ್ನೊಮ್ಮೆ. ಪಕ್ಕದ ಟೇಬಲಿನ ಬಿ.ಸಿ.ಎ. ಮೇಡಂ ತಿರುಗಿ ನೋಡಿದರು. ನಾನು ಫೋನನ್ನು ಸೈಲೆಂಟಿಗೆ ಹಾಕಿ ಟೇಬಲಿನ ಮೇಲೆ ಬೋರಲು ಇಟ್ಟೆ.

ಸ್ವಲ್ಪ ಹೊತ್ತು ಬಿಟ್ಟು ಎತ್ತಿ ನೋಡಿದರೆ ವಾಟ್ಸಾಪ್ ಮೆಸೇಜು. ಅದನ್ನು ತೆರೆಯಲಿಲ್ಲ, ತೆರೆದರೆ ಅವಳಿಗೆ ನೀಲಿ ಟಿಕ್ ಕಾಣುತ್ತದೆ. ಮೇಲಿಂದಲೇ ಓದಿದೆ. 'ಮೇಡಂ ಸೀಟ್ ಬಂತು. ನಾಲ್ಕು ಗಂಟೆ ಒಳಗೆ ಒರಿಜಿನಲ್ ಕೊಡ್ಬೇಕಂತೆ. ಇಲ್ಲಾಂದ್ರೆ ಮುಂದಿನವರಿಗೆ ಹೋಗುತ್ತಂತೆ. ಪ್ಲೀಸ್ ಮೇಡಂ ಫೋನ್ ತೆಗೀರಿ.'

ಆ ಸರ್ಕಾರಿ ಕಾಲೇಜು ಊರಿನ ಆ ತುದಿಯಲ್ಲಿತ್ತು. ಆಗಲೇ ಕೊಟ್ಟಿದ್ದರೆ ಮೆಟ್ರೊ ಹಿಡಿದು ಆರಾಮವಾಗಿ ತಲುಪುತ್ತಿದ್ದಳು. ಎರಡೂವರೆಗೆ ಕೊಟ್ಟಿದ್ದರೂ ತಲುಪುತ್ತಿದ್ದಳು. ನಾನು ಬೇರೆ ಏನನ್ನೂ ಯೋಚಿಸುತ್ತಿರಲಿಲ್ಲ, ಇದನ್ನೇ ಯೋಚಿಸುತ್ತಿದ್ದೆ. ಕವರ್ ತೆಗೆದು ಒಂದು ಆಟೊ ಹಿಡಿದರೆ ಜರಗನಹಳ್ಳಿ ಎಷ್ಟು ದೂರ? ಬ್ಯಾಗಿನ ಜಿಪ್ಪು ಎರಡು ಸಲ ಎಳೆದೆ. ನೀಲಿ ಕವರ್ ಎಲ್ಲಕ್ಕಿಂತ ಮೇಲೇ ಇತ್ತು. ಹದಿನಾಲ್ಕಾಗುತ್ತದೆ, ಅಷ್ಟೇ ನನ್ನ ತಲೆಯಲ್ಲಿ ಓಡುತ್ತಿದ್ದುದು. ಜಿಪ್ಪು ಮತ್ತೆ ಹಾಕಿದೆ.

ಸಮಾಧಾನ ಹೇಳಿಕೊಳ್ಳಲು ನನ್ನಂಥ ಓದಿದವರಿಗೆ ಮಾತು ಕಡಿಮೆಯೇ? ಇಲ್ಲೂ ಬಿ.ಎ. ಓದುತ್ತಾಳಲ್ಲ. ನಾನೇ ಚೆನ್ನಾಗಿ ಪಾಠ ಮಾಡುತ್ತೇನೆ. ಆಮೇಲೆ ಬಿ.ಎಡ್. ಮಾಡಿಕೊಳ್ಳಲಿ, ಒಂದು ವರ್ಷ ಹೆಚ್ಚು, ಅಷ್ಟು ತಾನೆ? ಉಳಿದ ಹದಿನಾಲ್ಕು ಮಕ್ಕಳ ಗತಿಯೇನು? ಅವರಿಗಾಗಿ ಅಂದುಕೊಂಡೆ. ಸುಳ್ಳು. ಹದಿನಾಲ್ಕು ಮಕ್ಕಳಿಗೆ ಬೇರೆ ಕಾಲೇಜಿತ್ತು. ಇಲ್ಲದಿದ್ದುದು ನನಗೆ.

ಬೋರಲು ಬಿದ್ದ ಫೋನು ಆಗಾಗ ಟೇಬಲಿನ ಮೇಲೆ ಗುಂಯ್‌ಗುಟ್ಟುತ್ತಿತ್ತು. ಒಟ್ಟು ಹನ್ನೊಂದು ಸಲ. ಯಾರೋ ಒಂದು ತಟ್ಟೆ ಚಿತ್ರಾನ್ನ ತಂದುಕೊಟ್ಟರು, ಪಕ್ಕಕ್ಕಿಟ್ಟೆ. ಮೂರು ಗಂಟೆ ದಾಟಿದ ಮೇಲೆ ಫೋನ್ ಸುಮ್ಮನಾಯಿತು. ಇನ್ನು ಕೊಟ್ಟರೂ ತಲುಪಲಾರಳು ಅಂತ ಗೊತ್ತಾದಾಗ ನನಗೆ ಆದದ್ದು ದುಃಖವಲ್ಲ, ನಿರಾಳ. ನಾಚಿಕೆಯಾಗುವುದು ಅದಕ್ಕೇ. ತಣ್ಣಗಾದ ಚಿತ್ರಾನ್ನವನ್ನು ಆಗ ತಿಂದೆ.

ಐದು ಗಂಟೆಗೆ ಪ್ರಿನ್ಸಿಪಾಲರ ಟೇಬಲಿನ ಮೇಲೆ ಹದಿನೈದು ಕವರ್ ಇಟ್ಟೆ. ಅವರು ಒಂದೊಂದನ್ನೇ ತೆರೆದು ನೋಡಿದರು. "ಪರವಾಗಿಲ್ವೇ ಮೇಡಂ. ಗಟ್ಟಿಗಿತ್ತಿ ನೀವು," ಎಂದರು.

ಹೊರಗೆ ಬಂದು ಬಸ್ ಸ್ಟಾಪಿನಲ್ಲಿ ನಿಂತು ಹುಡುಗಿಗೆ ಫೋನ್ ಮಾಡಿದೆ.

"ಅಯ್ಯೋ ಕಂದಾ, ಈಗ ನೋಡ್ದೆ. ಅಡ್ಮಿಶನ್ ಗಲಾಟೇಲಿ ಫೋನ್ ಸೈಲೆಂಟಲ್ಲಿತ್ತು."

ಅವಳು "ಪರವಾಗಿಲ್ಲ ಮೇಡಂ. ಕ್ಲಾಸು ಯಾವತ್ತಿಂದ?" ಅಂತ ಕೇಳಿದಳು.

ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ ಅಂತ ಜನ ಹಣೆಬರಹವನ್ನು ಹಳಿಯುತ್ತಾರೆ. ಅವಳ ತುತ್ತಿಗೆ ಅಡ್ಡ ಬಂದದ್ದು ಹಣೆಬರಹವಲ್ಲ, ನಾನು.

ಮೂರು ವರ್ಷ ಅವಳು ಎರಡನೆಯ ಬೆಂಚಿನಲ್ಲಿ ಕೂತಳು. ಒಂದು ದಿನವೂ ತಪ್ಪಿಸಲಿಲ್ಲ. ನಾನು ಆ ಮೂರು ವರ್ಷ ಮಾಡಿದ ಹಾಗೆ ಹಿಂದೆಂದೂ ಪಾಠ ಮಾಡಿರಲಿಲ್ಲ. ಅವಳು ಕೇಳಿದ ಪುಸ್ತಕ ಹುಡುಕಿ ತಂದುಕೊಟ್ಟೆ, ಬರೆದದ್ದನ್ನೆಲ್ಲ ಕೂತು ತಿದ್ದಿದೆ. ಹೇಳಿಬಿಡೋಣ ಅಂತ ಎಷ್ಟೋ ಸಲ ಬಾಯಿ ತೆರೆದೆ. ಬಾಯಿಗೆ ಬಂದದ್ದು ಮಾತ್ರ ಶಾಸನ, ತೆರಿಗೆ, ಕೆರೆ ಕಟ್ಟೆಗಳ ವಿಷಯ. ನಮ್ಮ ಸೆಕ್ಷನ್ ಉಳಿಯಿತೇ ಅಂದರೆ, ಅದೂ ಇಲ್ಲ. ಮರುವರ್ಷ ಆಡಳಿತ ಮಂಡಳಿಯವರು ಹದಿನೈದನ್ನು ಮೂವತ್ತು ಮಾಡಿದರು. ಮೂವತ್ತನ್ನು ಎಲ್ಲಿಂದ ತರಲಿ? ಆ ಹದಿನೈದು ಮಕ್ಕಳೇ ಕೊನೆಯವರಾದರು. ಅವರ ಜೊತೆಗೆ ನಮ್ಮನ್ನೂ ವರ್ಷ ವರ್ಷ ಒಂದೊಂದು ರೂಮಿಗೆ ದೂಡಿದರು. ಕೊನೆಯ ವರ್ಷ ಪಾಠ ನಡೆದದ್ದು ಲೈಬ್ರರಿಯ ಒಂದು ಮೂಲೆಯಲ್ಲಿ.

ಮೊನ್ನೆ ಪರೀಕ್ಷೆ ಮುಗಿದ ಮೇಲೆ ಮಕ್ಕಳಿಗೆ ಒರಿಜಿನಲ್ ವಾಪಸ್ ಕೊಡುವ ದಿನವಿತ್ತು. ಆವತ್ತೇ ಬಂದು ನಿಮ್ಮದನ್ನೂ ತಗೊಂಡು ಹೋಗಿ ಅಂತ ಆಫೀಸಿನಿಂದ ನನಗೂ ಹೇಳಿ ಕಳಿಸಿದ್ದರು. ಇನ್ನು ಕರೆಯುವುದಿಲ್ಲ ಅನ್ನುವುದನ್ನು ಅವರು ಹೇಳಿದ ರೀತಿ ಅದು. ಹೋದೆ. ಆಫೀಸಿನ ಕಟಕಟೆಯ ಮುಂದೆ ಅವಳು ನಿಂತಿದ್ದಳು.

ಗುಮಾಸ್ತರು ನೀಲಿ ಕವರ್ ತೆಗೆದುಕೊಟ್ಟರು. ಅವಳು ಅಂಕಪಟ್ಟಿಯನ್ನೂ ಟಿ.ಸಿ.ಯನ್ನೂ ಹೊರತೆಗೆದು ಹಿಂದೆ ಮುಂದೆ ನೋಡಿ, ರಿಜಿಸ್ಟರಿನಲ್ಲಿ ಸೈನ್ ಮಾಡಿದಳು. ಬಿ.ಎಡ್.ಗೆ ಅರ್ಜಿ ಹಾಕುತ್ತಿದ್ದೇನೆ ಎಂದಳು. ಒಳ್ಳೇದಾಗ್ಲಮ್ಮ ಎಂದೆ. ಗುಮಾಸ್ತರು ನನ್ನ ಕವರ್ ಹುಡುಕಲು ಬೀರುವಿನ ಕಡೆ ತಿರುಗಿದಾಗ ಅವಳು ದನಿ ತಗ್ಗಿಸಿದಳು.

"ಮೇಡಂ, ಆವತ್ತು ನಾನು ಮನೇಲಿರ್ಲಿಲ್ಲ. ಇಲ್ಲೇ ಗೇಟ್ ಹತ್ರ ನಿಂತ್ಕೊಂಡು ಫೋನ್ ಮಾಡ್ತಿದ್ದೆ. ನಿಮ್ಮ ಮೇಡಂ ಫೋನಲ್ಲಿ ಹೇಳಿದ್ರೆ ಬಿಡ್ತೀನಿ ಅಂದಿದ್ರು ಸೆಕ್ಯುರಿಟಿ ಅಂಕಲ್. ಮೊದಲನೇ ಎರಡು ಸಲ ರಿಂಗ್ ಆಗಿದ್ದು ನಂಗೂ ಕೇಳಿಸ್ತು. ಆಮೇಲೆ ನೀವು ಫೋನ್ ಬೋರಲು ಹಾಕಿದ್ರಿ."

ಕಟಕಟೆಯನ್ನು ಹಿಡಿದುಕೊಂಡೆ.

"ಗೊತ್ತಿದ್ದೂ ಮೂರು ವರ್ಷ ಯಾಕೆ ಒಂದ್ ಮಾತೂ ಆಡ್ಲಿಲ್ಲ?"

"ಪಾಠ ಚೆನ್ನಾಗಿ ಮಾಡ್ತಿದ್ರಿ ಮೇಡಂ," ಎಂದಳು. ಅವಳ ದನಿಯಲ್ಲಿ ಸಿಟ್ಟಿದ್ದಿದ್ದರೆ ತಡೆದುಕೊಳ್ಳುತ್ತಿದ್ದೆ. ನೀಲಿ ಕವರನ್ನು ಬ್ಯಾಗಿಗೆ ಹಾಕಿ ಜಿಪ್ಪೆಳೆದಳು. "ಈ ಸಲ ಎಲ್ಲಾ ಕಡೆ ಜೆರಾಕ್ಸ್ ಮಾತ್ರ ಕೊಡ್ತೀನಿ. ಒರಿಜಿನಲ್ ಯಾರ ಕೈಗೂ ಕೊಡಲ್ಲ. ಬರ್ತೀನಿ ಮೇಡಂ."

ಅವಳು ಗೇಟು ದಾಟುವವರೆಗೂ ನೋಡುತ್ತ ನಿಂತಿದ್ದೆ. ಗುಮಾಸ್ತರು ನನ್ನ ಸರ್ಟಿಫಿಕೇಟುಗಳ ಕವರನ್ನು ಮುಂದಿಟ್ಟು, ಅದೇ ರಿಜಿಸ್ಟರನ್ನು ನನ್ನ ಕಡೆ ತಿರುಗಿಸಿದರು. "ನಿಮ್ದೂ ಇಲ್ಲೇ ಹಾಕ್ಬಿಡಿ ಮೇಡಂ, ಆ ಹುಡುಗೀದರ ಕೆಳಗೆ," ಎಂದರು. ಅವಳ ಸೈನಿನ ಕೆಳಗೆ ನನ್ನ ಸೈನ್ ಹಾಕಿದೆ.