ಮೂಲೆಯ ಚೌಕದ ಎರಡು ಕೈಗಳು

ಎಡಗೈಯ ಬಳೆಗಳು ಕಳಚಿವೆ, ಬಲಗೈಯವು ಸೋಪಿನ ನೊರೆಯಲ್ಲೂ ಹಟ ಹಿಡಿದಿವೆ. ಬೆಳಕು ಹರಿಯುವ ಮುನ್ನ ಸಾರ್ವಜನಿಕ ಟೀವಿ ಕೇಂದ್ರದ ನಲ್ಲಿಯ ಮುಂದೆ ಆಕೆಯ ನಿತ್ಯದ ಗುದ್ದಾಟವಿದು. ಕಿವಿ ಕೇಳದವರಿಗೆ ಬೆಳಗಿನ ವಾರ್ತೆಯನ್ನು ಸನ್ನೆಯಲ್ಲಿ ಹೇಳುವಾಕೆ ಈಕೆ. "ಬಳೆ ಮಿನುಗಿದ್ರೆ ಮಾತು ತೊದಲಿದ ಹಾಗೆ" ಎನ್ನುತ್ತಾಳೆ.

ಈ ಭಾಷೆ ಕಲಿಸಿದ್ದು ಹುಟ್ಟಿನಿಂದ ಕಿವಿ ಕೇಳದ ಅಕ್ಕ. ಬೈದದ್ದು, ಚಾಡಿ ಹೇಳಿದ್ದು, ಮದುವೆಯ ಹಿಂದಿನ ರಾತ್ರಿ ದಿಗಿಲು ತೋಡಿಕೊಂಡದ್ದು ಎಲ್ಲವೂ ಕೈಯಲ್ಲೇ. ಊರಿನ ಇನ್ನೊಂದು ತುದಿಯಲ್ಲಿರುವ ಅಕ್ಕ ಈಗಲೂ ವಾರ್ತೆ ನೋಡಿ, ತಂಗಿಯ ಕೆದರಿದ ಕೂದಲಿಗೆ ಮೊಬೈಲಿನಲ್ಲಿ ನಾಲ್ಕು ಬೈಗುಳ ಕಳಿಸದೆ ಕಾಫಿ ಕುಡಿಯುವುದಿಲ್ಲ.

ಮೊದಲು ತೆರೆಯ ಕಾಲುಭಾಗ ಆಕೆಯದಾಗಿತ್ತು. ಅನುದಾನ ಕಡಿತವಾದ ವರ್ಷ ಆ ಜಾಗಕ್ಕೆ ಸಚಿವರ ನಗುಮುಖದ ಜಾಹೀರಾತು ಬಂತು, ಆಕೆ ಮೂಲೆಯ ಚೌಕದಲ್ಲಿ ಬೆಂಕಿಪೊಟ್ಟಣದಷ್ಟಾದಳು. ಪ್ರತಿ ಮನೆಯ ತೆರಿಗೆಯಿಂದ ನಡೆಯುವ ಕೇಂದ್ರವಿದು. ಆದರೂ ಒಂದು ಸಹಿಗಾಗಿ ನಿರ್ದೇಶಕರು ವರ್ಷವರ್ಷವೂ ಸಚಿವಾಲಯದ ಬಾಗಿಲಲ್ಲಿ ಕೈಕಟ್ಟಿ ನಿಲ್ಲಬೇಕು. ಅತ್ತೆಯ ಒಡವೆಯನ್ನು ಅಳಿಯ ದಾನ ಮಾಡಿದ ಹಾಗೆ ಆ ಸಹಿ ಬೀಳುತ್ತದೆ. "ಕೊಟ್ಟೋನು ಕೋಡಂಗಿ, ಇಸ್ಕೊಂಡೋನು ಈರಭದ್ರ" ಎಂದು ಆಕೆ ಒರೆಸಿದ ಕೈಯನ್ನೇ ಮತ್ತೆ ಒರೆಸುತ್ತಾಳೆ.

ಇಂದು ಕೈ ಒಣಗುತ್ತಿಲ್ಲ. ಕಾರ್ಖಾನೆಯ ವಿಷ ಊರಿನ ನೀರಿಗೆ ಸೇರಿದೆ. 'ನಲ್ಲಿ ನೀರು ಕುಡಿಯಬೇಡಿ' ಎಂದು ಸಂಪಾದಕರು ವಾರ್ತೆಯ ಹಾಳೆಯಲ್ಲಿ ಬರೆದಿದ್ದರು. ಅಷ್ಟರಲ್ಲಿ ಸಚಿವಾಲಯದಿಂದ ಫೋನು. ಗದರಲಿಲ್ಲವಂತೆ, ಬೆದರಿಸಲಿಲ್ಲವಂತೆ, ಅನುದಾನದ ಕಡತ ಯಾವಾಗ ಕಳಿಸುತ್ತೀರಿ ಎಂದು ವಿಚಾರಿಸಿದರಂತೆ, ಅಷ್ಟೆ. ವಾಕ್ಯ ಬದಲಾಯಿತು: 'ಪರೀಕ್ಷೆ ನಡೆದಿದೆ, ಆತಂಕ ಬೇಡ.'

ಹೊಸ ಹಾಳೆ ಕೊಡುವಾಗ ಸಂಪಾದಕರು ಆಕೆಯ ಮುಖ ನೋಡುವುದಿಲ್ಲ.

"ಎಲ್ಲರ ಸಂಬಳದ ಪ್ರಶ್ನೆ ಕಣಮ್ಮ."

"ನಿಮ್ಮನೇಲಿ ಇವತ್ತು ಯಾವ ನೀರು ಕುಡೀತಾರೆ ಸಾರ್?"

ಅವರ ಮೇಜಿನಡಿ ಮನೆಗೆ ಒಯ್ಯಲು ತರಿಸಿದ ನೀರಿನ ಕ್ಯಾನುಗಳಿವೆ.

ವಾಚಕರು ಓದಿದ್ದಕ್ಕೆ ಒಂದು ಮಾತು ಸೇರಿಸದೆ, ಒಂದು ಮಾತು ನುಂಗದೆ ಇಷ್ಟು ವರ್ಷ ದುಡಿದದ್ದೇ ಆಕೆಯ ಹೆಮ್ಮೆ. ಆ ಹೆಮ್ಮೆಯನ್ನು ಹಿಡಿದುಕೊಂಡೇ ಕಪ್ಪು ಪರದೆಯ ಮುಂದೆ ನಿಲ್ಲುತ್ತಾಳೆ. ಹಾಳೆಯನ್ನು ಮಡಿಸಿ ಕುರ್ಚಿಯ ಮೇಲಿಡುತ್ತಾಳೆ. ಈ ಕಟ್ಟಡದಲ್ಲಿ ಸನ್ನೆಯ ಭಾಷೆ ತಿಳಿದವರು ಬೇರೆ ಯಾರೂ ಇಲ್ಲ. ಇದ್ದು ತಡೆದಿದ್ದರೂ ಆಕೆ ಕೇಳುತ್ತಿರಲಿಲ್ಲ.

ಕೆಂಪು ದೀಪ ಹತ್ತುತ್ತದೆ. ವಾಚಕಿ ಇಂಪಾದ ದನಿಯಲ್ಲಿ "ಆತಂಕ ಬೇಡ" ಎನ್ನುತ್ತಾಳೆ. ಮೂಲೆಯ ಚೌಕದಲ್ಲಿ ಎರಡು ಕೈಗಳು, ಎಂದಿಗಿಂತ ನಿಧಾನವಾಗಿ, ಒಂದಲ್ಲ ಎರಡು ಸಲ, 'ಕುಡಿಯಬೇಡಿ' ಎನ್ನುತ್ತವೆ.