ಶರಣಪ್ಪ ಕಾಕಾನ ಗಾಡಿ ಪುಸ್ತಕ

ಯಾವ ಹೊಸ ಸಾಮಾನು ಮನೆಗೆ ಬಂದರೂ, ಅದರ ಜೊತೆಗಿರುವ ಚೀಟಿಯನ್ನು ಪೂರ್ತಿ ಓದದೆ ಶರಣಪ್ಪ ಕಾಕಾ ಮುಟ್ಟುತ್ತಿರಲಿಲ್ಲ, ಮುಟ್ಟಗೊಡುತ್ತಲೂ ಇರಲಿಲ್ಲ. ಹೊಸ ಕುಕ್ಕರ್ ತಂದ ದಿನ ಅವರ ಹೆಂಡತಿ ಚಂದ್ರಮ್ಮ ಕಾಕಿ ಅಕ್ಕಿ ತೊಳೆದಿಟ್ಟುಕೊಂಡು ಕಾದರು, ಕಾದರು. ಇವರಿನ್ನೂ ಗ್ಯಾರಂಟಿಯ ಷರತ್ತುಗಳಲ್ಲೇ ಇದ್ದಾರೆಂದು ತಿಳಿದಾಗ ಹಳೆಯ ಬೋಗುಣಿಯಲ್ಲೇ ಅನ್ನ ಮಾಡಿ ಬಡಿಸಿದರು. ಕಾಕಾ ಎಡಗೈಯಲ್ಲಿ ಚೀಟಿ ಹಿಡಿದುಕೊಂಡೇ ಉಂಡೆದ್ದರು.

ಚಿತ್ತಾಪುರದಲ್ಲಿ ಅವರ ಮನೆಗೂ ನಮ್ಮ ಮನೆಗೂ ನಡುವೆ ಒಂದೇ ಗೋಡೆ. ಕಾಕಾ ಕೋರ್ಟಿನ ಸಮನ್ಸುಗಳನ್ನು ಹಳ್ಳಿ ಹಳ್ಳಿಗೆ ಮುಟ್ಟಿಸುವ ಕೆಲಸ ಮಾಡಿ ನಿವೃತ್ತರಾದವರು. ಆ ತಿರುಗಾಟಕ್ಕೆಂದು ಕೊಂಡ ಮೋಟರ್ ಸೈಕಲ್ಲನ್ನು ತಯಾರಿಸಿದವರೇ ಮರೆತಿದ್ದರೂ ಕಾಕಾ ಬಿಟ್ಟಿರಲಿಲ್ಲ. ದಿನಾ ಸಂಜೆ ಅದರ ಮೇಲೆ ಗ್ರಂಥಾಲಯಕ್ಕೆ ಹೋಗಿ ಪೇಪರ್ ಓದಿ ಬರುತ್ತಿದ್ದರು. ಮರಳುವಾಗ ಗಾಡಿ ರೈಲ್ವೆ ಗೇಟಿನ ಹತ್ತಿರ ಇರುವಾಗಲೇ ಅದರ ಗುಡುಗುಡು ಕಾಕಿಯ ಕಿವಿಗೆ ಬೀಳುತ್ತಿತ್ತು. ಆಗ ಅವರು ರೊಟ್ಟಿ ಬಡಿದು ಹಂಚಿಗೆ ಹಾಕಿದರೆ, ಕಾಕಾ ಕೈಕಾಲು ತೊಳೆದು ಕೂಡುವ ಹೊತ್ತಿಗೆ ಅದು ಉಬ್ಬಿ ತಾಟಿಗೆ ಬರುತ್ತಿತ್ತು. ಗಂಡ ಹೆಂಡತಿಯ ನಡುವೆ ಮಾತು ಕಡಿಮೆ. ಆದರೆ ಈ ರೊಟ್ಟಿಯ ಹೊತ್ತು ಮಾತ್ರ ಎಂದೂ ತಪ್ಪಿರಲಿಲ್ಲ.

ತಪ್ಪಿಸಿದವನು ವಾಡಿಯ ಒಬ್ಬ ಮೆಕ್ಯಾನಿಕ್. ಅಲ್ಲಿ ಗಾಡಿ ಕೈಕೊಟ್ಟಾಗ ಬಿಚ್ಚಿ, ಏನೋ ಮಾಡಿ, ಜೋಡಿಸಿ ಕಳಿಸಿದ. ಗಾಡಿ ಓಡಿತು, ಆದರೆ ದನಿ ಹೋಯಿತು. ಪಟಪಟ ಎಂದು ಸಿಡಿಯುವ ಆ ಸದ್ದು ಓಣಿಯ ಯಾವನೋ ಹುಡುಗನದೆಂದುಕೊಂಡು ಕಾಕಿ ಏಳಲೇ ಇಲ್ಲ. ಕಾಕಾ ಬಂದು ಕೈ ತೊಳೆದು ಬರೀ ತಾಟಿನ ಮುಂದೆ ಕುಳಿತರು. ಮತ್ತೆ ವಾಡಿಗೆ ಹೋಗಿ ಕೇಳಿದರೆ, ಈಗ ಪಿಕಪ್ ಹೆಚ್ಚಾಗಿದೆ, ಖುಷಿ ಪಡಿ ಎಂದನಂತೆ.

“ಗಾಡಿ ಬಂತು ಖರೆ, ಟೀಚರವ್ವಾ,” ಎಂದು ಕಾಕಾ ನನ್ನೆದುರು ಹೇಳಿಕೊಂಡರು. “ನಾ ಬಂದಂಗ ಆಗಲಿಲ್ಲ ನೋಡು.”

ಇನ್ನು ಯಾರ ಕೈಗೂ ಕೊಡುವುದಿಲ್ಲ, ನಾನೇ ರಿಪೇರಿ ಮಾಡುತ್ತೇನೆ ಎಂದು ಹೊರಟರು. ಆದರೆ ಪುಸ್ತಕವಿಲ್ಲದೆ ಒಂದು ನಟ್ಟನ್ನೂ ತಿರುಗಿಸುವವರಲ್ಲ. ಗಾಡಿಯನ್ನು ಇನ್ನೊಬ್ಬರಿಂದ ಕೊಂಡದ್ದರಿಂದ ಅದರ ಪುಸ್ತಕ ಕೈಗೆ ಬಂದಿರಲೇ ಇಲ್ಲ. ನಾನು ಫೋನಿನಲ್ಲಿ ಹುಡುಕಿ ಒಂದು ವಿಡಿಯೋ ತೋರಿಸಿದೆ. ಅದು ಬೇರೆ ಗಾಡಿಯದು ಎಂದು ಕಾಕಾ ಮೊದಲ ನೋಟಕ್ಕೇ ತಳ್ಳಿಹಾಕಿದರು. ಶಹಾಬಾದಿಗೆ ಹೋಗುವವರಿಗೆ, ಚಿಂಚೋಳಿ ಬಸ್ಸಿನ ಕಂಡಕ್ಟರನಿಗೆ, ಮದುವೆ ಕಾರ್ಡು ಕೊಡಲು ಬಂದ ಬೀಗರಿಗೆ, ಎಲ್ಲರಿಗೂ ಒಂದೇ ಅಹವಾಲು, ಈ ಗಾಡಿಯ ಪುಸ್ತಕ ಕಂಡರೆ ತನ್ನಿ ಎಂದು. ನಾನು ದಿನಾ ರೈಲಿನಲ್ಲಿ ಸೇಡಂ ಶಾಲೆಗೆ ಹೋಗಿಬರುವವಳು, ನನ್ನನ್ನು ಬಿಡುತ್ತಾರೆಯೇ?

ಕೊನೆಗೆ ಸಿಕ್ಕಿದ್ದು ಸೇಡಂನಲ್ಲೇ, ಬಿಡಿಭಾಗ ಮಾರುವ ಒಂದು ಹಳೆಯ ಅಂಗಡಿಯಲ್ಲಿ. ಅಲುಗಾಡುವ ಕಪಾಟಿನ ಕಾಲಡಿ ಇಟ್ಟಿದ್ದರು. ಅದೇ ಗಾಡಿ, ಅದೇ ಚಿತ್ರ. ಎಲ್ಲ ಸರಿ, ಪುಸ್ತಕ ಮಾತ್ರ ತೆಲುಗಿನಲ್ಲಿತ್ತು. ಗಡಿ ಊರಿನಲ್ಲಿ ಹುಡುಕಿದರೆ ಇನ್ನೇನು ಸಿಕ್ಕೀತು? ಚಿತ್ರ ನೋಡಿಯಾದರೂ ಸಮಾಧಾನ ಪಡಲಿ ಎಂದು ತಂದೆ. ಕಾಕಾ ಕಟ್ಟೆಯ ಮೇಲೆ ಕುಳಿತು ಹಾಳೆ ತಿರುವಿದರು. ಮುಖ ಸಣ್ಣದಾಯಿತು.

“ಹೆಸರು ಬರೋಬರಿ ಅದ, ವಿಳಾಸ ತಪ್ಪ್ಯಾದ,” ಎಂದರು.

ಬಾಗಿಲಲ್ಲಿ ನಿಂತಿದ್ದ ಕಾಕಿ ಹಿಟ್ಟಿನ ಕೈ ಸೆರಗಿಗೆ ಒರೆಸಿಕೊಂಡು ಬಂದು ಪುಸ್ತಕ ತೆಗೆದುಕೊಂಡರು. ಅಲ್ಲೇ ನಿಂತು ಒಂದು ಪುಟವನ್ನು ತೆಲುಗಿನಲ್ಲಿ ಸರಾಗವಾಗಿ ಓದಿದರು, ಆಮೇಲೆ ಕನ್ನಡದಲ್ಲಿ ಅರ್ಥ ಹೇಳಿದರು. ಅವರ ತವರು ಗಡಿಯಾಚೆಯ ಹಳ್ಳಿ. ಅಲ್ಲಿ ಏಳನೆಯ ಇಯತ್ತೆಯವರೆಗೆ ಕಲಿತಿದ್ದರಂತೆ. ಕಾಕಾ ಕನ್ನಡಕ ತೆಗೆದು ಹೆಂಡತಿಯನ್ನೇ ನೋಡಿದರು.

“ನೀ ತೆಲುಗು ಮಾತಾಡೂದು ಗೊತ್ತಿತ್ತು. ಓದಾಕ ಬರ್ತದಂತ ಒಂದಿನಾನೂ ಹೇಳಿಲ್ಲಲ್ಲ?”

“ಓದು ಅಂತ ನೀವು ಏನ್ ತಂದು ಕೊಟ್ಟಿದ್ರಿ?” ಎಂದರು ಕಾಕಿ.

ಅಂದಿನಿಂದ ದಿನಾ ಸಂಜೆ ಅಂಗಳದಲ್ಲಿ ಪಾಠ. ಕಾಕಿ ಮಣೆಯ ಮೇಲೆ ಕುಳಿತು ಓದುವುದು, ಕಾಕಾ ಚಡ್ಡಿ ಬನಿಯನ್ನಿನಲ್ಲಿ ನಟ್ಟು ತಿರುಗಿಸುವ ಪಾನಾ ಹಿಡಿದು ಮಾಡುವುದು. ಕೆಟ್ಟದ್ದು ದನಿ. ಆದರೆ ಕಾಕಾನ ಪ್ರಕಾರ ಆಜ್ಞೆಯನ್ನು ನಡುವಿನಿಂದ ಜಾರಿ ಮಾಡಲು ಬರುವುದಿಲ್ಲ. ಹೀಗಾಗಿ ಒಂದನೆಯ ಪುಟದಿಂದಲೇ ಶುರು. ಗಾಡಿ ಒರೆಸುವ ಪಾಠ ಬಂದಾಗ ಒರೆಸಿದರು, ಚೈನಿಗೆ ಎಣ್ಣೆ ಹಾಕುವ ಪಾಠ ಬಂದಾಗ ಹಾಕಿದರು. ಗಾಡಿ ಓಡಿಸುವುದು ಹೇಗೆ ಎಂಬ ಪಾಠ ಬಂದಾಗ ಮಾತ್ರ ತೊಡಕಾಯಿತು. ಅದು ಅವರಿಗೆ ಬರುತ್ತಿತ್ತು, ಆದರೆ ಬಿಟ್ಟು ಮುಂದೆ ಹೋಗುವಂತಿರಲಿಲ್ಲ. ಆದ್ದರಿಂದ ನನ್ನನ್ನು ಕರೆದು ಕೂರಿಸಿ ಕಲಿಸಿದರು. ನಾನು ಕಿಕ್ ಹೊಡೆಯಲು ಕಲಿತದ್ದು ಹೀಗೆ. ಕಾಕಿ ಓದಿದ ಸಾಲು ಮುಗಿಯುವ ತನಕ ಕ್ಲಚ್ ಬಿಡುವಂತಿರಲಿಲ್ಲ.

ಗೋಡೆಯ ಈಚೆಗೆ ಕುಳಿತು ನಾನು ಅವರ ಮಾತು ಕೇಳುತ್ತಿದ್ದೆ. ಪಾಠ ಮುಗಿದ ಮೇಲೂ ಮಾತು ನಿಲ್ಲುತ್ತಿರಲಿಲ್ಲ. ಕಾಕಿ ತಮ್ಮ ಶಾಲೆಯ ಕಥೆ ಹೇಳುತ್ತಿದ್ದರು, ಸಮನ್ಸ್ ಕೈಗೆ ಬಂದಾಗ ಅತ್ತವರ ಕಥೆ ಕಾಕಾ ಹೇಳುತ್ತಿದ್ದರು. ಇಷ್ಟು ವರ್ಷ ಇವರು ಇದನ್ನೆಲ್ಲ ಎಲ್ಲಿ ಇಟ್ಟುಕೊಂಡಿದ್ದರೋ ಎಂದುಕೊಳ್ಳುತ್ತಿದ್ದೆ.

ಬೇಸಿಗೆ ಹೋಗಿ ಮಳೆ ಬಂದ ಮೇಲೆ ಸೈಲೆನ್ಸರ್ ಪಾಠ ಬಂತು. ಬಿಚ್ಚಿ ನೋಡಿದರೆ ಪುಸ್ತಕದ ಚಿತ್ರದಲ್ಲಿದ್ದ ಒಳಗಿನ ಕೊಳವೆ ಗಾಡಿಯಲ್ಲಿ ಇರಲೇ ಇಲ್ಲ. ಮೆಕ್ಯಾನಿಕ್ ತೆಗೆದವನು ಮತ್ತೆ ಹಾಕಿರಲಿಲ್ಲ. ಶಹಾಬಾದಿನ ಗುಜರಿಯಿಂದ ಒಂದನ್ನು ತಂದು ಹಾಕಿದರು. ಗುಡುಗುಡು ಮರಳಿತು. ಕಾಕಾ ಅಂದು ಗ್ರಂಥಾಲಯಕ್ಕೂ ಹೋಗದೆ, ಬರೀ ಗೇಟಿನ ತನಕ ಹೋಗಿ ತಿರುಗಿ ಬಂದರು. ತಾಟಿನಲ್ಲಿ ರೊಟ್ಟಿ ಉಬ್ಬಿ ಕುಳಿತಿತ್ತು.

ಸೈಲೆನ್ಸರಿನ ಪುಟವನ್ನು ಕಾಕಿ ಮೊದಲ ದಿನವೇ ಕಂಡಿದ್ದರು. ಇದನ್ನು ನನಗೆ ಹೇಳಿದವರು ಅವರೇ. “ಆವತ್ತೇ ಹೇಳಿದ್ರ ಓದೂದು ಆವತ್ತೇ ಮುಗೀತಿತ್ತಲ್ಲ,” ಎಂದು ಸೆರಗು ಬಾಯಿಗೆ ಹಿಡಿದು ನಕ್ಕರು.

ಉಳಿದದ್ದು ಒಂದೇ ಪಾಠ, ಗಾಡಿಯನ್ನು ಬಹಳ ಕಾಲ ನಿಲ್ಲಿಸಬೇಕಾದಾಗ ಏನು ಮಾಡಬೇಕೆಂಬುದು. ಕಾಕಿ ತಲೆಬರಹ ಓದಿದ ಕೂಡಲೇ ಕಾಕಾ ಕೈ ಅಡ್ಡ ತಂದರು. “ಇದು ನಮಗ ಸಂಬಂಧಿಲ್ಲ. ಮುಚ್ಚು.” ನಾನು ಕಂಡಂತೆ, ಅವರು ಓದದೆ ಬಿಟ್ಟ ಅಚ್ಚಿನ ಪುಟ ಅದೊಂದೇ.

ಹೋದ ವರ್ಷ ಒಂದು ಮಧ್ಯಾಹ್ನ ಊಟ ಮಾಡಿ ಮಲಗಿದ ಕಾಕಾ ಏಳಲಿಲ್ಲ. ಲಿಂಗೈಕ್ಯರಾದರು ಎಂದು ಬಂದವರೆಲ್ಲ ಹೇಳಿದರೂ, ಸಂಜೆಯಾದರೆ ನನ್ನ ಕಿವಿ ಗೇಟಿನ ಕಡೆಗೇ ಇರುತ್ತಿತ್ತು. ಕಾಕಿಯ ಕಿವಿಯ ಗತಿ ಏನಾಗಿತ್ತೋ, ಕೇಳುವ ಧೈರ್ಯ ನನಗಿರಲಿಲ್ಲ.

ಶಿವಗಣಾರಾಧನೆ ಮುಗಿದು ಕೆಲವು ವಾರಗಳ ನಂತರ ಕಾಕಿ ನನ್ನನ್ನು ಅಂಗಳಕ್ಕೆ ಕರೆದರು. ಕೈಯಲ್ಲಿ ಪುಸ್ತಕವಿತ್ತು.

“ಕಡೀ ಪಾಠ ಉಳದದ, ಟೀಚರವ್ವಾ. ಸುಮ್ಮ ನಿಂತ್ರ ಗಾಡಿ ಕೆಡ್ತದಂತ. ನಾ ಓದ್ತೀನಿ, ನೀ ಮಾಡು.”

ಮಣೆಯ ಮೇಲೆ ಕುಳಿತು ಮೊದಲ ಸಾಲು ಓದಿದರು. ಎಂಜಿನ್ ಚಾಲೂ ಮಾಡಿ ಚೆನ್ನಾಗಿ ಬಿಸಿಯಾಗಲು ಬಿಡಬೇಕು. ಪೆಟ್ರೋಲ್ ತೆಗೆಯುವುದು, ಮೇಲೆ ಹೊದಿಸುವುದು ಎಲ್ಲ ಆಮೇಲೆ. ನಾನು ಕಿಕ್ ಹೊಡೆದೆ. ಮೂರು ಸಲ ಕೆಮ್ಮಿದ ಗಾಡಿ ಗುಡುಗುಡು ಎಂದಿತು. ಕಾಕಿ ಕಣ್ಣು ಮುಚ್ಚಿಕೊಂಡು ಕೇಳಿದರು.

“ನಿಂತಲ್ಲೇ ನಿಂತ್ರ ಅದು ಬಿಸಿ ಆಗಂಗಿಲ್ಲ,” ಎಂದರು. “ಗೇಟಿನ ತನ ಹೋಗಿ ಬಾ.”

ಹೋಗಿ ಬಂದೆ. ಮಣೆ ಖಾಲಿಯಿತ್ತು, ಪುಸ್ತಕವನ್ನು ಮುಚ್ಚಿ ಅದರ ಮೇಲೆ ಇಟ್ಟಿದ್ದರು. ಒಳಗಿನಿಂದ ಹಂಚಿನ ಮೇಲಿನ ಜೋಳದ ರೊಟ್ಟಿಯ ವಾಸನೆ ಬರುತ್ತಿತ್ತು. ಕೈ ತೊಳೆದುಕೊಂಡು ಬಾ ಎಂದು ಕಾಕಿ ಅಡುಗೆಮನೆಯಿಂದಲೇ ಕೂಗಿದರು.

ಆ ಪಾಠದ ಎರಡನೆಯ ಸಾಲನ್ನು ಕಾಕಿ ಇನ್ನೂ ಓದಿಲ್ಲ. ದಿನಾ ಸಂಜೆ ಸೇಡಂ ರೈಲಿನಿಂದ ಇಳಿದು ಬಂದ ಮೇಲೆ ನಾನು ಗಾಡಿಯಲ್ಲಿ ಗೇಟಿನ ತನಕ ಹೋಗಿ ಮೊದಲ ಸಾಲನ್ನು ಮಾಡಿ ಬರುತ್ತೇನೆ.